ಎಫ್‌ಐಆರ್ ಆಗಿದೆ, ಇನ್ನೂ ಯಾಕೆ ಅರೆಸ್ಟ್ ಆಗಿಲ್ಲ?

"ದೂರು ಕೊಟ್ಟು ತಿಂಗಳಾಯಿತು. ಎಫ್‌ಐಆರ್ ಕೂಡ ಆಗಿದೆ. ಆರೋಪಿ ಆರಾಮಾಗಿ ಓಡಾಡಿಕೊಂಡಿದ್ದಾನೆ. ಅವನನ್ನು ಅರೆಸ್ಟ್ ಮಾಡಿ ಅಂತ ಕೋರ್ಟ್‌ನಿಂದ ಪೊಲೀಸರಿಗೆ ಆರ್ಡರ್ ಕೊಡಿಸಬಹುದಾ?"

ಇದೇ ಪ್ರಶ್ನೆಗೆ ಎಷ್ಟು ಸಲ ಉತ್ತರ ಬರೆದರೂ ಮತ್ತೆ ಬರುತ್ತದೆ. ಈ ಸಲ ದಯವಿಟ್ಟು ಪೂರ್ತಿ ಓದಿ.

ಸಾಮಾನ್ಯವಾಗಿ ಆಗುವುದಿಲ್ಲ. ತನಿಖೆಯ ಹಂತದಲ್ಲಿ ಯಾರನ್ನು, ಯಾವಾಗ ಬಂಧಿಸಬೇಕು ಅನ್ನುವುದು ತನಿಖಾಧಿಕಾರಿಗೆ ಬಿಟ್ಟದ್ದು.

ಎಫ್‌ಐಆರ್ ಆದರೆ ಅರೆಸ್ಟ್ ಆಗಲೇಬೇಕು ಅನ್ನುವ ನಂಬಿಕೆ ಮಾತ್ರ ಜನರನ್ನು ಬಿಡುತ್ತಲೇ ಇಲ್ಲ. ಕೆಲವರು ಲಲಿತಾ ಕುಮಾರಿ ತೀರ್ಪನ್ನೇ ಇದಕ್ಕೆ ಆಧಾರವಾಗಿ ತೋರಿಸುತ್ತಾರೆ. ಸಂಜ್ಞೇಯ ಅಪರಾಧದ (ವಾರಂಟ್ ಇಲ್ಲದೆಯೂ ಪೊಲೀಸರು ಬಂಧಿಸಬಹುದಾದ ಅಪರಾಧದ) ಮಾಹಿತಿ ಬಂದರೆ ಎಫ್‌ಐಆರ್ ಹಾಕಲೇಬೇಕು ಎಂದು ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿದ್ದು ನಿಜ. ಆದರೆ ಎಫ್‌ಐಆರ್ ಆದ ಕೂಡಲೇ ಬಂಧನ ಕಡ್ಡಾಯವಲ್ಲ ಅಂತಲೂ ಅದೇ ತೀರ್ಪಿನಲ್ಲಿದೆ. ಆ ಭಾಗವನ್ನು ಯಾರೂ ಓದುವುದಿಲ್ಲ!

ಬಂಧಿಸುವ ಅಧಿಕಾರ ಇರುವುದು ಬೇರೆ, ಬಂಧಿಸಲು ಕಾರಣ ಇರುವುದು ಬೇರೆ. 1994ರ ಜೋಗಿಂದರ್ ಕುಮಾರ್ ಪ್ರಕರಣದಿಂದಲೂ ಕೋರ್ಟ್ ಇದನ್ನೇ ಹೇಳುತ್ತಿದೆ. ಹಳೆಯ ಸಿಆರ್‌ಪಿಸಿ ಜಾಗಕ್ಕೆ ಬಂದಿರುವ ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 35ನೇ ಕಲಂ ನೋಡಿ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧವಾದರೆ, ಬಂಧನ ಯಾಕೆ ಬೇಕು ಅಂತ ಪೊಲೀಸರು ಕಾರಣ ಬರೆದಿಡಬೇಕು. ಸಾಕ್ಷ್ಯ ಹಾಳು ಮಾಡುತ್ತಾನೆ, ಸಾಕ್ಷಿಗಳನ್ನು ಹೆದರಿಸುತ್ತಾನೆ, ತಪ್ಪಿಸಿಕೊಳ್ಳುತ್ತಾನೆ, ಹೀಗೆ. ಕಾರಣ ಇಲ್ಲದಿದ್ದರೆ ನೋಟಿಸ್ ಕೊಟ್ಟು ಕರೆಸಬೇಕು. 2014ರ ಅರ್ನೇಶ್ ಕುಮಾರ್ ತೀರ್ಪಿನ ನಂತರ ಇದನ್ನು ಮೀರಿದ ಅಧಿಕಾರಿಗೆ ಇಲಾಖಾ ಕ್ರಮದ ಜೊತೆ ನ್ಯಾಯಾಂಗ ನಿಂದನೆಯ ಬಿಸಿಯೂ ತಟ್ಟಬಹುದು. ಚಾರ್ಜ್‌ಶೀಟ್ ಹಾಕುವುದಕ್ಕೂ ಬಂಧನ ಬೇಕಿಲ್ಲ ಎಂದು 2021ರಲ್ಲಿ ಸಿದ್ಧಾರ್ಥ್ ಪ್ರಕರಣದಲ್ಲಿ ಸ್ಪಷ್ಟವಾಯಿತು.

ನಿಮ್ಮ ಸಂಕಟ ನನಗೆ ಅರ್ಥವಾಗುತ್ತದೆ. ಆದರೆ ಬಂಧನ ಶಿಕ್ಷೆಯಲ್ಲ. ನಾಳೆ ನಿಮ್ಮ ಮೇಲೆಯೇ ಯಾರೋ ಸುಳ್ಳು ದೂರು ಕೊಟ್ಟರೆ ಇದೇ ಕಲಂ ನಿಮ್ಮನ್ನೂ ಕಾಪಾಡಬೇಕು, ಅಲ್ವಾ? ಆರೋಪಿ ಬೆದರಿಸುತ್ತಿದ್ದರೆ ಸುಮ್ನೆ ಠಾಣೆಗೆ ಅಲೆಯಬೇಡಿ. ದಿನಾಂಕ ಸಮೇತ ಬರೆದು ಕೊಟ್ಟು ಸ್ವೀಕೃತಿ ಪಡೆಯಿರಿ. ಬಂಧನಕ್ಕೆ ಬೇಕಾದ ಕಾರಣ ಅಲ್ಲೇ ದಾಖಲಾಗುತ್ತದೆ.

ಹಾಗಾದರೆ ಕೋರ್ಟ್‌ಗೆ ಏನೂ ಅಧಿಕಾರ ಇಲ್ಲವಾ? ಇದೆ. ತನಿಖೆ ಸರಿಯಾಗಿ ನಡೆಯದಿದ್ದರೆ ಮ್ಯಾಜಿಸ್ಟ್ರೇಟ್ ಅದರ ಮೇಲೆ ಕಣ್ಣಿಡಬಹುದು. ಸುಪ್ರೀಂ ಕೋರ್ಟ್‌ನ 2007ರ ಸಾಕಿರಿ ವಾಸು ತೀರ್ಪು ಹೇಳುವುದು ಇದನ್ನೇ. ಇದಕ್ಕಾಗಿ ಮೊದಲೇ ಹೈಕೋರ್ಟ್‌ಗೆ ಓಡಬೇಕಿಲ್ಲ.

ಇಷ್ಟು ಹೇಳಿದ ಮೇಲೆ ಬಿ ರಿಪೋರ್ಟ್, ಅಂದರೆ ಕೇಸ್ ನಡೆಸುವಂಥದ್ದೇನೂ ಇಲ್ಲ ಅಂತ ಪೊಲೀಸರು ಕೋರ್ಟ್‌ಗೆ ಕೊಡುವ ವರದಿಯ ಬಗ್ಗೆಯೂ ಹೇಳಬೇಕು. ಪೊಲೀಸರು ಬಿ ರಿಪೋರ್ಟ್ ಹಾಕಿದರೆ ಕೇಸ್ ಮುಗಿಯಿತು ಅಂತ ಎಷ್ಟೋ ಜನ ಕೈಚೆಲ್ಲುತ್ತಾರೆ. ಮುಗಿದಿಲ್ಲ. ಅದನ್ನು ಒಪ್ಪಿ ಕೇಸ್ ಮುಗಿಸುವ ಮುಂಚೆ ಮ್ಯಾಜಿಸ್ಟ್ರೇಟ್ ನಿಮ್ಮ ಮಾತು ಕೇಳಲೇಬೇಕು. ನೀವು ತಕರಾರು ಅರ್ಜಿ ಹಾಕಬಹುದು. "ಚಾರ್ಜ್‌ಶೀಟ್ ಹಾಕಿ" ಅಂತ ಮ್ಯಾಜಿಸ್ಟ್ರೇಟ್ ಪೊಲೀಸರಿಗೆ ಹೇಳುವಂತಿಲ್ಲ. ಆದರೆ ಹೆಚ್ಚಿನ ತನಿಖೆಗೆ ಆದೇಶಿಸಬಹುದು, ಅಥವಾ ವರದಿಯನ್ನು ಬದಿಗಿಟ್ಟು ತಾವೇ ಆರೋಪಿಗೆ ಸಮನ್ಸ್ ಕಳಿಸಬಹುದು. ಬಿ ರಿಪೋರ್ಟ್ ಬಗ್ಗೆ ಕೋರ್ಟ್‌ನಿಂದ ನೋಟಿಸ್ ಬಂದ ದಿನವೇ ವಕೀಲರನ್ನು ಕಾಣಿ.