ನ್ಯಾಯಮೂರ್ತಿಗಳ ನೇಮಕ: ಕಾನೂನು ಸಚಿವಾಲಯದಲ್ಲಿ ಕಡತ ನಿಲ್ಲುವುದೇಕೆ?

ನ್ಯಾಯಮೂರ್ತಿ ಹುದ್ದೆಗೆ ಹೆಸರು ಆರಿಸುವ ಹಿರಿಯ ನ್ಯಾಯಮೂರ್ತಿಗಳ ಕೂಟವಾದ ಕೊಲಿಜಿಯಂ ಒಂದು ಹೆಸರು ಕಳಿಸುತ್ತದೆ, ಕೇಂದ್ರ ವಾಪಸ್ ಕಳಿಸುತ್ತದೆ. ಕೊಲಿಜಿಯಂ ಅದೇ ಹೆಸರನ್ನು ಮತ್ತೆ ಕಳಿಸಿದರೆ ಕೇಂದ್ರ ಸುಮ್ಮನಿರುತ್ತದೆ. ಈ ಜಗ್ಗಾಟ ಒಂದು ಸರ್ಕಾರದ್ದಲ್ಲ, ಒಬ್ಬ ಸಚಿವರದ್ದೂ ಅಲ್ಲ.

ಸ್ವತಂತ್ರ ಭಾರತದ ಮೊದಲ ಕಾನೂನು ಸಚಿವ ಡಾ. ಬಿ.ಆರ್. ಅಂಬೇಡ್ಕರ್ ಹಿಂದೂ ಸಂಹಿತೆ ಮಸೂದೆಗಾಗಿ ಸೆಣಸಿ 1951ರಲ್ಲಿ ರಾಜೀನಾಮೆ ಕೊಟ್ಟರು. ಮುಂದಿನ ಎರಡು ದಶಕ ಸಚಿವಾಲಯ ಹೆಚ್ಚಾಗಿ ಮಸೂದೆ ಬರೆಯುವ ಕಚೇರಿಯಂತೆಯೇ ನಡೆಯಿತು. ಆ ಅವಧಿಯ ಕೊನೆಗೆ ನಮ್ಮ ಕೆಂಗಲ್ ಹನುಮಂತಯ್ಯನವರೂ ಸ್ವಲ್ಪ ಕಾಲ ಈ ಖಾತೆ ನೋಡಿಕೊಂಡರು.

ಗಾಯವಾದದ್ದು 1973ರಲ್ಲಿ. ಏಪ್ರಿಲ್ 24ರಂದು ಕೇಶವಾನಂದ ಭಾರತಿ ತೀರ್ಪು ಬಂತು. ಸಂವಿಧಾನದ ಮೂಲ ಸ್ವರೂಪಕ್ಕೆ ಸಂಸತ್ತು ಕೈಹಾಕುವಂತಿಲ್ಲ ಎಂದು ಕೋರ್ಟ್ ಹೇಳಿತು. ಅದರ ಬೆನ್ನಿಗೇ ಸೇವಾ ಹಿರಿತನದಲ್ಲಿ ಮುಂದಿದ್ದ ಮೂವರನ್ನು ಬಿಟ್ಟು ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಲಾಯಿತು. ಹೀಗೆ ಕಡೆಗಣಿಸಲಾದವರಲ್ಲಿ ಕರಾವಳಿಯ ಕೆ.ಎಸ್. ಹೆಗ್ಡೆ ಒಬ್ಬರು. ಮೂವರೂ ರಾಜೀನಾಮೆ ಕೊಟ್ಟರು. ನಾಲ್ಕು ವರ್ಷಗಳ ಬಳಿಕ ಹೆಗ್ಡೆ ಬೆಂಗಳೂರು ದಕ್ಷಿಣದಿಂದ ಗೆದ್ದು ಲೋಕಸಭೆಯ ಸ್ಪೀಕರ್ ಆದರು.

ತುರ್ತು ಪರಿಸ್ಥಿತಿಯಲ್ಲಿ, 1976ರಲ್ಲಿ, ಒಪ್ಪಿಗೆ ಕೇಳದೆ 16 ಹೈಕೋರ್ಟ್ ನ್ಯಾಯಮೂರ್ತಿಗಳನ್ನು ವರ್ಗ ಮಾಡಲಾಯಿತು. ಕರ್ನಾಟಕ ಹೈಕೋರ್ಟಿನ ಡಿ.ಎಂ. ಚಂದ್ರಶೇಖರ್ ಅಲಹಾಬಾದಿಗೆ ಹೋಗಬೇಕಾಯಿತು, ಸದಾನಂದಸ್ವಾಮಿ ಗುವಾಹಟಿಗೆ. ಬೆಂಗಳೂರಿನಲ್ಲಿ ಬಂಧಿತರಾಗಿದ್ದ ವಾಜಪೇಯಿ, ಅಡ್ವಾಣಿ ಮೊದಲಾದವರ ಅರ್ಜಿಗಳು ಇದೇ ಹೈಕೋರ್ಟಿಗೆ ಬಂದಿದ್ದವು. ವರ್ಗಾವಣೆ ಆಡಳಿತಾತ್ಮಕ ಕ್ರಮವಷ್ಟೇ ಎಂದು ಹೇಳಬಹುದು. ಆದರೆ ಆ ದಿನಗಳಲ್ಲಿ ಅದನ್ನು ಹಾಗೆ ನಂಬುವುದು ಕಷ್ಟವಿತ್ತು.

ನಂತರದ್ದು 1981ರ ಮಾರ್ಚ್ 18ರ ಸುತ್ತೋಲೆ. ಆಗ ಪಿ. ಶಿವಶಂಕರ್ ಕಾನೂನು ಸಚಿವರು. ಹೆಚ್ಚುವರಿ ನ್ಯಾಯಮೂರ್ತಿಗಳು ಬೇರೆ ರಾಜ್ಯದ ಹೈಕೋರ್ಟಿನಲ್ಲಿ ಕಾಯಂ ಆಗಲು ಒಪ್ಪುತ್ತಾರೆಯೇ ಎಂದು ತಿಳಿದುಕೊಂಡು, ಅವರು ಬಯಸುವ ಮೂರು ಹೈಕೋರ್ಟುಗಳ ಹೆಸರು ಪಡೆಯಿರಿ ಎಂದು ಮುಖ್ಯಮಂತ್ರಿಗಳಿಗೆ ಬರೆಯಲಾಗಿತ್ತು. ಪ್ರತಿ ಹೈಕೋರ್ಟಿನಲ್ಲೂ ಮೂರನೇ ಒಂದು ಭಾಗ ಹೊರಗಿನವರಿರಲಿ ಎಂಬುದು ಅದರ ಉದ್ದೇಶ. ಉದ್ದೇಶ ಒಳ್ಳೆಯದೇ. ಆದರೆ ಎರಡು ವರ್ಷದ ಅವಧಿ ಮುಗಿಯುತ್ತಾ ಬಂದ, ಕಾಯಂ ಆಗುತ್ತೇನೋ ಇಲ್ಲವೋ ಎಂದು ಕಾಯುತ್ತಿರುವ ನ್ಯಾಯಮೂರ್ತಿಗೆ ಅಂಥ ಪತ್ರ ಏನನ್ನಿಸಿರಬೇಕು? ವಕೀಲರು ಕೋರ್ಟಿಗೆ ಹೋದರು. ಆ ವರ್ಷದ ಡಿಸೆಂಬರ್ 30ರಂದು ಏಳು ನ್ಯಾಯಮೂರ್ತಿಗಳ ಪೀಠ ಬಹುಮತದಿಂದ ಸರ್ಕಾರದ ಪರ ನಿಂತಿತು, ನೇಮಕದಲ್ಲಿ ಕಾರ್ಯಾಂಗಕ್ಕೇ ಮೇಲುಗೈ ಸಿಕ್ಕಿತು.

1993ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ಅದನ್ನು ತಿರುಗಿಸಿ ಹಾಕಿತು, ಕೊಲಿಜಿಯಂ ಹುಟ್ಟಿತು. 1998ರಲ್ಲಿ ಅದಕ್ಕೆ ಈಗಿನ ರೂಪ ಬಂತು. ಸಂಸತ್ತು 2014ರಲ್ಲಿ ನ್ಯಾಯಾಂಗ ನೇಮಕಾತಿ ಆಯೋಗಕ್ಕೆ ಒಪ್ಪಿಗೆ ನೀಡಿತು. ಆರು ಸದಸ್ಯರ ಆ ಆಯೋಗದಲ್ಲಿ ಕಾನೂನು ಸಚಿವರಿಗೂ ಒಂದು ಕುರ್ಚಿ ಇತ್ತು. 2015ರ ಅಕ್ಟೋಬರ್ 16ರಂದು ಸುಪ್ರೀಂ ಕೋರ್ಟ್ 4-1ರ ಬಹುಮತದಿಂದ ಅದನ್ನು ರದ್ದು ಮಾಡಿದಾಗ ಸಚಿವರಾಗಿದ್ದವರು ಡಿ.ವಿ. ಸದಾನಂದ ಗೌಡ.

ಹೀಗೆ ಆಯ್ಕೆ ಮಾಡುವ ಅಧಿಕಾರ ಸಚಿವಾಲಯದ ಕೈತಪ್ಪಿತು, ತಡೆದಿಡುವ ಅವಕಾಶ ಮಾತ್ರ ಉಳಿಯಿತು. ಹೈಕೋರ್ಟ್ ಕೊಲಿಜಿಯಂ ಕಳಿಸಿದ ಹೆಸರಿನ ಬಗ್ಗೆ ರಾಜ್ಯ ಸರ್ಕಾರ ಅಭಿಪ್ರಾಯ ಕೊಡುತ್ತದೆ, ಕೇಂದ್ರ ಗುಪ್ತಚರ ಸಂಸ್ಥೆ ಐಬಿಯ ವರದಿ ಸೇರುತ್ತದೆ. ಕಡತ ಕಾನೂನು ಸಚಿವಾಲಯದಿಂದ ಸುಪ್ರೀಂ ಕೋರ್ಟ್ ಕೊಲಿಜಿಯಂಗೆ ಹೋಗಿ ಮತ್ತೆ ಸಚಿವಾಲಯಕ್ಕೇ ಬಂದು, ಪ್ರಧಾನಿಯ ಮೂಲಕ ರಾಷ್ಟ್ರಪತಿಗೆ ತಲುಪಬೇಕು. ಕೊಲಿಜಿಯಂ ಒಮ್ಮತದಿಂದ ಮತ್ತೆ ಶಿಫಾರಸು ಮಾಡಿದರೆ ಮೂರ್ನಾಲ್ಕು ವಾರದಲ್ಲಿ ನೇಮಿಸಬೇಕೆಂದು 2021ರ ಏಪ್ರಿಲಿನಲ್ಲಿ ಕೋರ್ಟ್ ಹೇಳಿತು. ಆದರೂ ಕರ್ನಾಟಕ ಹೈಕೋರ್ಟಿಗೆ ಎರಡು ಸಲ ಶಿಫಾರಸಾಗಿದ್ದ ಬೆಂಗಳೂರಿನ ಹಿರಿಯ ವಕೀಲರೊಬ್ಬರು ಕಾದು ಕಾದು 2022ರಲ್ಲಿ ತಮ್ಮ ಒಪ್ಪಿಗೆಯನ್ನೇ ಹಿಂಪಡೆದರು.

ಒಂದು ಹೆಸರನ್ನು ಏಕೆ ಆರಿಸಲಾಯಿತು ಎಂದು ಕೊಲಿಜಿಯಂ ಪೂರ್ತಿಯಾಗಿ ಹೇಳುವುದಿಲ್ಲ, ಏಕೆ ನಿಲ್ಲಿಸಲಾಯಿತು ಎಂದು ಸಚಿವಾಲಯವೂ ಹೇಳುವುದಿಲ್ಲ. ಇಬ್ಬರೂ ಕಾರಣ ಬರೆದು ಪ್ರಕಟಿಸಬೇಕು. ಅದಕ್ಕೆ ಸಂವಿಧಾನದ ತಿದ್ದುಪಡಿಯೇನೂ ಬೇಕಿಲ್ಲ.