ಮುತ್ತಮ್ಮನವರು ಸೀನಿಯಾರಿಟಿಗಾಗಿಯೂ ಕೋರ್ಟಿಗೆ ಹೋಗಿದ್ದರು

ತುಮಕೂರಿನಲ್ಲಿ ನಾನು ನಡೆಸುವ ಕೇಸುಗಳಲ್ಲಿ ಸರ್ಕಾರಿ ನೌಕರರದ್ದೇ ಜಾಸ್ತಿ. ಬಡ್ತಿ, ವರ್ಗಾವಣೆ, ಇಲಾಖಾ ವಿಚಾರಣೆ, ಪಿಂಚಣಿ. ಬರುವ ಹೆಣ್ಣುಮಕ್ಕಳು ಒಂದು ಆದೇಶದ ಪ್ರತಿಯನ್ನೂ ಕಳೆದುಕೊಂಡಿರುವುದಿಲ್ಲ, ಎಲ್ಲ ಫೈಲಿನಲ್ಲಿ ಜೋಪಾನವಾಗಿರುತ್ತದೆ. ಆದರೆ ಬರುವುದೇ ತಡ. "ಸಾಹೇಬರ ಹತ್ತಿರ ಯಾಕೆ ನಿಷ್ಠುರ ಕಟ್ಟಿಕೊಳ್ಳೋದು ಅಂತ ಸುಮ್ನಿದ್ದೆ ಮೇಡಂ" ಅನ್ನುತ್ತಾರೆ. ಅಂಥವರಿಗೆ ನಾನು ಸಿ.ಬಿ. ಮುತ್ತಮ್ಮನವರ ಕೇಸು ಹೇಳುತ್ತೇನೆ.

ಮುತ್ತಮ್ಮನವರು ನಮ್ಮ ಕೊಡಗಿನವರು. 1924ರಲ್ಲಿ ವಿರಾಜಪೇಟೆಯಲ್ಲಿ ಹುಟ್ಟಿದರು. ಅರಣ್ಯ ಇಲಾಖೆಯಲ್ಲಿದ್ದ ತಂದೆ ಇವರಿಗೆ ಒಂಬತ್ತು ವರ್ಷ ಆಗಿದ್ದಾಗಲೇ ತೀರಿಕೊಂಡರು. ಮಕ್ಕಳನ್ನು ಓದಿಸಿದ್ದು ತಾಯಿ. ಮಡಿಕೇರಿಯಲ್ಲಿ ಶಾಲೆ, ಮದ್ರಾಸಿನಲ್ಲಿ ಕಾಲೇಜು, ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಇಂಗ್ಲಿಷ್ ಎಂ.ಎ. 1948ರಲ್ಲಿ ಯುಪಿಎಸ್‌ಸಿ ಪರೀಕ್ಷೆ ಪಾಸು ಮಾಡಿದ ಮೊದಲ ಮಹಿಳೆ ಇವರೇ, ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆಯೂ ಇವರೇ. ಸಂದರ್ಶನದಲ್ಲಿ ಈ ಕೆಲಸ ಹೆಂಗಸರಿಗೆ ಆಗಿಬರುವುದಲ್ಲ ಅಂತ ಮನಸ್ಸು ಬದಲಿಸಲು ನೋಡಿದರು. ಅವರು ಜಗ್ಗಲಿಲ್ಲ. ಸೇರುವಾಗ ಮುಚ್ಚಳಿಕೆ ಬರೆಸಿಕೊಂಡರು, ಮದುವೆಯಾದರೆ ರಾಜೀನಾಮೆ ಕೊಡುತ್ತೇನೆ ಅಂತ. ಅವರು ಮದುವೆಯಾಗಲಿಲ್ಲ.

ಆಮೇಲೆ ಪ್ಯಾರಿಸ್, ರಂಗೂನ್, ಲಂಡನ್. 1970ರಲ್ಲಿ ಹಂಗೇರಿಗೆ ರಾಯಭಾರಿ. ಪರೀಕ್ಷೆ ಬರೆದು ಸೇವೆಗೆ ಬಂದ ಹೆಣ್ಣುಮಗಳೊಬ್ಬಳು ರಾಯಭಾರಿಯಾಗಿದ್ದು ಅದೇ ಮೊದಲು. ವಿಜಯಲಕ್ಷ್ಮಿ ಪಂಡಿತ್ ಅವರು 1947ರಲ್ಲೇ ಮಾಸ್ಕೋಗೆ ಹೋಗಿದ್ದರಲ್ಲ ಅಂತ ಕೇಳಬಹುದು. ಹೌದು, ಆದರೆ ಅದು ರಾಜಕೀಯ ನೇಮಕ. ಕೆಳಗಿನ ಮೆಟ್ಟಿಲಿನಿಂದ ಒಂದೊಂದೇ ಬಡ್ತಿ ಪಡೆದು ಏರುವವರ ಕಷ್ಟ ಬೇರೆ.

ಈಗ ಕೇಸಿಗೆ ಬರೋಣ. 1961ರಲ್ಲಿ ಮಾಡಿದ ವಿದೇಶಾಂಗ ಸೇವಾ ನಿಯಮಗಳಲ್ಲಿ ಎರಡು ಸಾಲು ಇದ್ದವು. ಮಹಿಳಾ ಅಧಿಕಾರಿ ಮದುವೆಗೆ ಮುಂಚೆ ಸರ್ಕಾರದಿಂದ ಲಿಖಿತ ಅನುಮತಿ ತೆಗೆದುಕೊಳ್ಳಬೇಕು, ಮದುವೆಯಾದ ಮೇಲೆ ಸಂಸಾರದ ಜವಾಬ್ದಾರಿ ಕೆಲಸಕ್ಕೆ ಅಡ್ಡಿ ಅಂತ ಸರ್ಕಾರಕ್ಕೆ ಅನಿಸಿದರೆ ಯಾವಾಗ ಬೇಕಾದರೂ ರಾಜೀನಾಮೆ ಕೊಡಿಸಬಹುದು ಅನ್ನುವುದು ಒಂದು. ಮದುವೆಯಾದ ಹೆಣ್ಣಿಗೆ ಈ ಸೇವೆಗೆ ನೇಮಕವಾಗುವ ಹಕ್ಕಿಲ್ಲ ಅನ್ನುವುದು ಇನ್ನೊಂದು. ಗಂಡಸರಿಗೆ ಇಂಥದ್ದು ಯಾವುದೂ ಇರಲಿಲ್ಲ. ಮುತ್ತಮ್ಮನವರಿಗೆ ಒಂದನೇ ಗ್ರೇಡಿಗೆ ಬಡ್ತಿ ಬರಬೇಕಾದಾಗ ಅರ್ಹತೆ ಸಾಲದು ಅಂತ ಬಿಟ್ಟರು, ಅವರಿಗಿಂತ ಕಿರಿಯರು ಮುಂದೆ ಹೋದರು. ಅವರು ನೇರವಾಗಿ ಸುಪ್ರೀಂ ಕೋರ್ಟಿಗೆ ರಿಟ್ ಹಾಕಿದರು. ಇನ್ನೂ ಸೇವೆಯಲ್ಲಿದ್ದಾಗಲೇ, ತಾವು ಕೆಲಸ ಮಾಡುತ್ತಿದ್ದ ಸಚಿವಾಲಯದ ಮೇಲೆಯೇ!

ತೀರ್ಪು ಬಂದಿದ್ದು 1979ರ ಸೆಪ್ಟೆಂಬರ್ 17ರಂದು. ಬರೆದವರು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್. ಸಂಸಾರದ ಜವಾಬ್ದಾರಿ ಕೆಲಸಕ್ಕೆ ಅಡ್ಡಿಯಾಗುವುದಾದರೆ ಗಂಡಸಿಗೂ ಆಗಬಹುದಲ್ಲ, ಹೆಣ್ಣಿಗೆ ಮಾತ್ರ ಯಾಕೆ ಈ ನಿಯಮ ಅಂತ ಅವರು ನೇರವಾಗಿ ಕೇಳಿದರು. ಎರಡನೇ ನಿಯಮವನ್ನು 1973ರಲ್ಲೇ ತೆಗೆದಿದ್ದೇವೆ, ಮೊದಲನೆಯದನ್ನೂ ತೆಗೆಯುತ್ತಿದ್ದೇವೆ ಅಂತ ಸರ್ಕಾರ ಹೇಳಿತು. ಎಲ್ಲ ಸೇವಾ ನಿಯಮಗಳನ್ನೂ ಜಾಲಾಡಿ ಇಂಥ ಭೇದ ತೆಗೆದುಹಾಕಿ, ಯಾರಾದರೂ ಕೋರ್ಟಿಗೆ ಬರಲಿ ಅಂತ ಕಾಯಬೇಡಿ ಅಂತ ಕೋರ್ಟ್ ಹೇಳಿತು.

ಇಷ್ಟು ಭಾಗ ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ಮಕ್ಕಳಿಗೂ ಗೊತ್ತು. ಆದರೆ ಕೋರ್ಟ್ ಅವರ ಅರ್ಜಿಯನ್ನು ವಜಾ ಮಾಡಿತ್ತು. ಅರ್ಜಿ ವಜಾ, ಸಮಸ್ಯೆ ವಜಾ ಅಲ್ಲ ಅಂತ ತೀರ್ಪಿನಲ್ಲೇ ಬರೆದಿದ್ದಾರೆ. ಕಾರಣ ಇಷ್ಟೇ, ಅರ್ಜಿ ಹಾಕಿದ ಮೇಲೆ ಸರ್ಕಾರ ಬಡ್ತಿ ಕೊಟ್ಟುಬಿಟ್ಟಿತ್ತು. ಹಾಗಾದರೆ ಮುಗೀತಲ್ವಾ? ಮುಗಿಯಲಿಲ್ಲ. ಆ ಕೆಲವು ತಿಂಗಳಲ್ಲಿ ಕಿರಿಯರು ಮೇಲೆ ಹೋಗಿದ್ದರು, ಮುತ್ತಮ್ಮನವರು ಪಟ್ಟಿಯಲ್ಲಿ ಕೆಳಗೆ ಬಿದ್ದಿದ್ದರು. ಹಾಗಾಗಿ ಅವರ ಸೀನಿಯಾರಿಟಿಯನ್ನು ಮತ್ತೆ ಪರಿಶೀಲಿಸಿ ಅಂತ ಕೋರ್ಟ್ ಸರ್ಕಾರಕ್ಕೆ ನಿರ್ದೇಶನ ಕೊಟ್ಟಿತು. ನನ್ನ ಕೆಲಸಕ್ಕೆ ಇಡೀ ತೀರ್ಪಿನಲ್ಲಿ ಬೇಕಾಗುವುದು ಇದೇ ಭಾಗ.

ಯಾಕೆ ಅಂದರೆ ನಮ್ಮಲ್ಲಿ ನಡೆಯುವುದೂ ಇದೇ. ಮದುವೆಯಾದರೆ ಕೆಲಸ ಬಿಡು ಅಂತ ಈಗ ಯಾವ ನಿಯಮವೂ ಹೇಳುವುದಿಲ್ಲ. ಪೆಟ್ಟು ಬೀಳುವುದು ಜ್ಯೇಷ್ಠತಾ ಪಟ್ಟಿಯಲ್ಲಿ, ಅಂದರೆ ಸೀನಿಯಾರಿಟಿ ಪಟ್ಟಿಯಲ್ಲಿ. ಆ ಪಟ್ಟಿ ನೋಡಿದ್ದೀರಾ? ಕ್ರಮ ಸಂಖ್ಯೆ, ಹೆಸರು, ಹುಟ್ಟಿದ ದಿನಾಂಕ, ಸೇವೆಗೆ ಸೇರಿದ ದಿನಾಂಕ, ಈಗಿನ ಹುದ್ದೆಗೆ ಬಂದ ದಿನಾಂಕ, ಕೊನೆಯಲ್ಲಿ ಷರಾ. ಒಂದು ದಿನಾಂಕ ತಪ್ಪಾದರೆ ಕ್ರಮ ಸಂಖ್ಯೆ ಕೆಳಗೆ ಹೋಗುತ್ತದೆ, ಮುಂದಿನ ಬಡ್ತಿ ತಪ್ಪುತ್ತದೆ, ಅದರ ಮುಂದಿನದ್ದೂ ತಪ್ಪುತ್ತದೆ, ಕೊನೆಗೆ ಪಿಂಚಣಿಯಲ್ಲೂ ಕಡಿಮೆಯಾಗುತ್ತದೆ. ಮೊದಲು ತಾತ್ಕಾಲಿಕ ಪಟ್ಟಿ ಹೊರಡಿಸಿ ಆಕ್ಷೇಪಣೆ ಕೇಳುತ್ತಾರೆ. ಆಗ ಹೆರಿಗೆ ರಜೆಯಲ್ಲಿದ್ದ ಶಿಕ್ಷಕಿಗೋ ನರ್ಸಿಗೋ ಪಟ್ಟಿ ಬಂದಿದ್ದೇ ಗೊತ್ತಿರುವುದಿಲ್ಲ. ಅಂತಿಮ ಪಟ್ಟಿ ಬಂದಾಗ ಕಿರಿಯರ ಹೆಸರು ಮೇಲಿರುತ್ತದೆ.

ಆಗ ಮಾಡಬೇಕಾದದ್ದು ಸಾಹೇಬರ ಕೊಠಡಿಗೆ ಹೋಗಿ ಅಳುವುದಲ್ಲ. ಮನವಿ ಬರೆಯಿರಿ. ಯಾರು ನಿಮಗಿಂತ ಕಿರಿಯರು, ಯಾವ ದಿನಾಂಕ ತಪ್ಪು, ಯಾವ ದಾಖಲೆ ಅದನ್ನು ತೋರಿಸುತ್ತದೆ, ಇಷ್ಟು ಸಾಕು. ಎರಡು ಪ್ರತಿ ಒಯ್ಯಿರಿ, ಟಪಾಲು ವಿಭಾಗದಲ್ಲಿ ಒಂದರ ಮೇಲೆ ಮೊಹರು, ದಿನಾಂಕ, ಸಹಿ ಹಾಕಿಸಿಕೊಂಡು ಬನ್ನಿ. ಬಾಯಿಮಾತಿನ ಭರವಸೆಗೆ ಕೋರ್ಟಿನಲ್ಲಿ ಬೆಲೆ ಇಲ್ಲ.

ಇನ್ನು ಅವಧಿ. ಈಗ ರಾಜ್ಯ ಸರ್ಕಾರಿ ನೌಕರರು ಮೊದಲು ಹೋಗಬೇಕಾದದ್ದು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ನಾವೆಲ್ಲ ಕೆಎಟಿ ಅನ್ನುತ್ತೇವಲ್ಲ, ಅಲ್ಲಿಗೆ. ತುಮಕೂರಿನವರಿಗೆ ಬೆಂಗಳೂರು. 1985ರ ಕಾಯ್ದೆ ಪ್ರಕಾರ ಅಂತಿಮ ಆದೇಶ ಬಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಮನವಿಗೆ ಆರು ತಿಂಗಳಾದರೂ ಉತ್ತರ ಬರದಿದ್ದರೆ, ಆ ಆರು ತಿಂಗಳು ಮುಗಿದಲ್ಲಿಂದ ಒಂದು ವರ್ಷ. ವರ್ಷಕ್ಕೊಂದು ಮನವಿ ಕೊಡುತ್ತಾ ಹೋದರೆ ಅವಧಿ ಉದ್ದವಾಗುತ್ತದೆ ಅಂತ ತುಂಬಾ ಜನ ನಂಬಿದ್ದಾರೆ. ಆಗುವುದಿಲ್ಲ. ನ್ಯಾಯವಾದ ಕೇಸುಗಳು ಹೀಗೆ ಕೈತಪ್ಪುವುದನ್ನು ನೋಡಿದರೆ ಹೊಟ್ಟೆ ಉರಿಯುತ್ತದೆ.

ಮದುವೆಯ ನೆಪ ಹೋಗಿಬಿಟ್ಟಿದೆ ಅಂತಲೂ ಅಂದುಕೊಳ್ಳಬೇಡಿ. ಸರ್ಕಾರಿ ನೌಕರ ತೀರಿಕೊಂಡಾಗ ಅನುಕಂಪದ ನೌಕರಿ ಅವಿವಾಹಿತ ಮಗಳಿಗೆ ಮಾತ್ರ ಅಂತ ನಮ್ಮ ರಾಜ್ಯದ ನಿಯಮದಲ್ಲೇ ಇತ್ತು. ಮಗನಿಗೆ ಮದುವೆಯಾಗಿದ್ದರೂ ಸಿಗುತ್ತಿತ್ತು. 2020ರಲ್ಲಿ ಕರ್ನಾಟಕ ಹೈಕೋರ್ಟ್ ಆ ಭೇದವನ್ನು ಹೊಡೆದುಹಾಕಿತು. ಮದುವೆಯಾದಳು ಅಂತ 1988ರಲ್ಲಿ ಮಿಲಿಟರಿ ನರ್ಸಿಂಗ್ ಸೇವೆಯಿಂದ ಕಳಿಸಿದ್ದ ಅಧಿಕಾರಿಗೆ 60 ಲಕ್ಷ ರೂಪಾಯಿ ಕೊಡಿ ಅಂತ ಸುಪ್ರೀಂ ಕೋರ್ಟ್ ಹೇಳಿದ್ದು 2024ರಲ್ಲಿ!

ಮುತ್ತಮ್ಮನವರು ಆಮೇಲೆ ನೆದರ್ಲೆಂಡ್ಸ್‌ನಲ್ಲಿ ರಾಯಭಾರಿಯಾಗಿದ್ದು 1982ರಲ್ಲಿ ನಿವೃತ್ತರಾದರು, 2009ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು. ಚೋಕಿಲಾ ಅಯ್ಯರ್ ಮೊದಲ ಮಹಿಳಾ ವಿದೇಶಾಂಗ ಕಾರ್ಯದರ್ಶಿ ಆಗಿದ್ದು 2001ರಲ್ಲಿ. ಆಮೇಲೆ ನಿರುಪಮಾ ರಾವ್, ಸುಜಾತಾ ಸಿಂಗ್ ಬಂದರು. ನಿಮ್ಮ ಇಲಾಖೆಯಲ್ಲಿ ತಾತ್ಕಾಲಿಕ ಪಟ್ಟಿ ಹೊರಟಿದ್ದರೆ ಆಕ್ಷೇಪಣೆಗೆ ಕೊನೆಯ ದಿನ ಯಾವುದು ಅಂತ ಇವತ್ತೇ ವಿಚಾರಿಸಿ. ಸರ್ವಿಸ್ ರಿಜಿಸ್ಟರ್‌ನಲ್ಲಿ ಸೇರಿದ ದಿನಾಂಕ ಇರುವ ಪುಟದ ನಕಲನ್ನೂ ಈಗಲೇ ತೆಗೆದಿಟ್ಟುಕೊಳ್ಳಿ.