ಬದುವಿಲ್ಲದ ಹೊಲ, ಗೂಟ ಹೊಡೆಯುವ ಜ್ಯೂರಿ: ಲ್ಯಾಕ್ಸ್‌ಟನ್ ಹಳ್ಳಿಯ ಟಿಪ್ಪಣಿ

ಇಂಗ್ಲೆಂಡಿನ ಇತಿಹಾಸ ಓದುವವರಿಗೆ 'ತೆರೆದ ಹೊಲ ಪದ್ಧತಿ' ಅನ್ನುವ ಪಾಠ ಬಂದೇ ಬರುತ್ತದೆ. ಉದ್ದುದ್ದ ಪಟ್ಟಿಗಳ ಒಂದು ಚಿತ್ರ, ಮೂರು ಹೊಲ, ಮೂರು ವರ್ಷದ ಸರದಿ, ಆಮೇಲೆ ಬೇಲಿ ಬಂತು, ಪದ್ಧತಿ ಹೋಯಿತು. ಎರಡು ಪುಟದಲ್ಲಿ ಮುಗಿಯುತ್ತದೆ. ನಾನೂ ಅಷ್ಟನ್ನೇ ಬಾಯಿಪಾಠ ಮಾಡಿಕೊಂಡಿದ್ದೆ. ನಾಟಿಂಗ್‌ಹ್ಯಾಮ್‌ಶೈರ್‌ನ ಲ್ಯಾಕ್ಸ್‌ಟನ್ ಅನ್ನುವ ಹಳ್ಳಿಯ ಬಗ್ಗೆ ಓದಿದ ಮೇಲೆ ಪಾಠದ ತಿರುಳೇ ಬಿಟ್ಟುಹೋಗಿತ್ತು ಅನ್ನಿಸಿತು. ಯಾಕೆಂದರೆ ಅಲ್ಲಿ ಈ ಪದ್ಧತಿ ಇನ್ನೂ ನಡೆಯುತ್ತಿದೆ. ನಡೆಸುತ್ತಿರುವುದು ಊರಿನದೇ ಒಂದು ಕೋರ್ಟು. ಆ ಕೋರ್ಟನ್ನು ಅರ್ಥ ಮಾಡಿಕೊಂಡರೆ ಹೊಲಗಳು ತಾನಾಗಿ ಅರ್ಥವಾಗುತ್ತವೆ.

ಮೊದಲು ಹೊಲ ನೋಡೋಣ. ಲ್ಯಾಕ್ಸ್‌ಟನ್‌ನಲ್ಲಿ ಈಗ ಉಳಿದಿರುವುದು ಮೂರು ದೊಡ್ಡ ಹೊಲ: ವೆಸ್ಟ್ ಫೀಲ್ಡ್, ಮಿಲ್ ಫೀಲ್ಡ್, ಸೌತ್ ಫೀಲ್ಡ್. ಒಂದೊಂದೂ ನಮ್ಮ ಕಣ್ಣಿಗೆ ಒಬ್ಬನೇ ದೊಡ್ಡ ರೈತನ ಜಮೀನಿನ ಹಾಗೆ ಕಾಣುತ್ತದೆ. ಒಳಗೆ ಬೇಲಿ ಇಲ್ಲ, ಬದು ಇಲ್ಲ. ಆದರೆ ಅದರೊಳಗೆ ಬೇರೆ ಬೇರೆ ರೈತರ ಪಟ್ಟಿಗಳಿವೆ. ಒಬ್ಬನ ಪಟ್ಟಿಗೂ ಪಕ್ಕದವನ ಪಟ್ಟಿಗೂ ನಡುವೆ ಇರುವುದು ಒಂದು ನೇಗಿಲ ಸಾಲು, ಅಷ್ಟೇ.

ಒಬ್ಬ ರೈತನ ಪಟ್ಟಿಗಳು ಒಂದೇ ಕಡೆ ಇರುವುದಿಲ್ಲ, ಮೂರೂ ಹೊಲಗಳಲ್ಲಿ ಚದುರಿರುತ್ತವೆ. ಇದು ಅನೇಕರಿಗೆ ಗೊಂದಲ ಮಾಡುವ ಜಾಗ. 'ಒಟ್ಟಿಗೆ ಕೊಟ್ಟಿದ್ದರೆ ಸುಲಭ ಅಲ್ವಾ?' ಅಂತ ಅನ್ನಿಸುತ್ತದೆ. ಸರದಿ ನೋಡಿ: ಒಂದು ಹೊಲಕ್ಕೆ ಈ ವರ್ಷ ಚಳಿಗಾಲದ ಗೋಧಿ, ಇನ್ನೊಂದಕ್ಕೆ ವಸಂತದಲ್ಲಿ ಬಿತ್ತುವ ಬಾರ್ಲಿ, ಬಟಾಣಿಯಂಥ ಬೆಳೆ, ಮೂರನೆಯದು ಬೀಳು. ಮುಂದಿನ ವರ್ಷ ಎಲ್ಲ ಒಂದೊಂದು ಹೆಜ್ಜೆ ಮುಂದೆ ಸರಿಯುತ್ತದೆ. ಒಬ್ಬನ ಜಮೀನೆಲ್ಲ ಒಂದೇ ಹೊಲದಲ್ಲಿದ್ದು, ಆ ಹೊಲ ಬೀಳು ಬಿಡುವ ವರ್ಷ ಬಂದರೆ? ಆ ಮನೆಗೆ ಊಟವಿಲ್ಲ. ಜೊತೆಗೆ ಒಳ್ಳೆ ಮಣ್ಣು, ಜೌಗು ಮಣ್ಣು ಎಲ್ಲರ ಪಾಲಿಗೂ ಸ್ವಲ್ಪ ಸ್ವಲ್ಪ ಬರುತ್ತದೆ. ಹಿಂದೆ ಬೀಳು ಹೊಲದಲ್ಲಿ ಊರಿನ ದನ, ಕುರಿ ಒಟ್ಟಿಗೆ ಮೇಯುತ್ತಿದ್ದವು. ಗೊಬ್ಬರವೂ ಅಲ್ಲೇ ಬೀಳುತ್ತಿತ್ತು.

ಇಲ್ಲಿ ನಮಗೆ ಗೊತ್ತಿರುವ ಎರಡು ಅಳತೆಗಳನ್ನು ಸೇರಿಸಿ ನೋಡಿ. ನಮ್ಮ ಹಳ್ಳಿಯ ಹಿರಿಯರು ಈಗಲೂ 'ಇಲ್ಲಿಂದ ಎರಡು ಫರ್ಲಾಂಗು' ಅನ್ನುತ್ತಾರೆ. ಫರ್ಲಾಂಗ್ ಅಂದರೆ ಇಂಗ್ಲಿಷಿನ ಹಳೆ ಅರ್ಥದಲ್ಲಿ 'ಒಂದು ಸಾಲಿನ ಉದ್ದ'. ಎತ್ತುಗಳು ಒಂದೇ ಉಸಿರಿಗೆ ಎಳೆದು, ದಣಿವಾರಿಸಿಕೊಳ್ಳಲು ನಿಲ್ಲುವ ದೂರ. ಅದು 220 ಗಜ ಅಂತ ನಿಂತಿತು. ಅದರ ಹತ್ತನೇ ಒಂದು, ಅಂದರೆ 22 ಗಜ ಅಗಲ ತೆಗೆದುಕೊಂಡರೆ 4,840 ಚದರ ಗಜ. ಅದೇ ಒಂದು ಎಕರೆ. ನಮ್ಮ ಗುಂಟೆ 121 ಚದರ ಗಜ, ನಲವತ್ತು ಗುಂಟೆಗೆ ಎಕರೆ. ಗುಣಿಸಿ ನೋಡಿ, ಸರಿಯಾಗಿ ಕೂಡುತ್ತದೆ. ಪಹಣಿಯಲ್ಲಿ ಎಕರೆ-ಗುಂಟೆ ಓದುವಾಗೆಲ್ಲ ನನಗೆ ಈಗ ಉದ್ದಕ್ಕೆ, ಕಿರಿದಾಗಿ ಮಲಗಿದ ಒಂದು ಪಟ್ಟಿ ಕಣ್ಣ ಮುಂದೆ ಬರುತ್ತದೆ. ಒಂದು ದಿನಕ್ಕೆ ಒಂದು ಎತ್ತಿನ ಹೂಡು ಉಳಬಹುದಾದಷ್ಟು ನೆಲ ಅದು. ಇಂಗ್ಲೆಂಡಿನ ಹಳೆ ಪಟ್ಟಿಗಳು ಎಷ್ಟೋ ಕಡೆ ನೆಟ್ಟಗಿರದೆ ಸ್ವಲ್ಪ ಬಳುಕಿರುವುದಕ್ಕೂ ಎತ್ತುಗಳೇ ಕಾರಣ. ಜೋಡಿ ಜೋಡಿಯಾಗಿ ಹಿಂದೆ ಮುಂದೆ ಕಟ್ಟಿದ ಉದ್ದನೆಯ ಸಾಲು. ತುದಿಯಲ್ಲಿ ಅದನ್ನು ತಿರುಗಿಸಬೇಕೆಂದರೆ ಮೊದಲೇ ಓರೆಯಾಗಿ ಎಳೆಯಲು ಶುರು ಮಾಡಬೇಕಿತ್ತು.

ಲ್ಯಾಕ್ಸ್‌ಟನ್‌ನ ಪಟ್ಟಿಗಳು ಹಿಂದೆ ಹೇಗಿದ್ದವು ಅಂತ ನಮಗೆ ಇಷ್ಟು ಖಚಿತವಾಗಿ ಗೊತ್ತಿರುವುದು 1635ರ ಒಂದು ನಕ್ಷೆಯಿಂದ. ಮಾರ್ಕ್ ಪಿಯರ್ಸ್ ಅನ್ನುವ ಸರ್ವೇಯರ್ ಬರೆದದ್ದು. ಈಗ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿದೆ. ಸಾವಿರಾರು ಪಟ್ಟಿಗಳನ್ನು ಒಂದೊಂದಾಗಿ ಗೆರೆ ಎಳೆದು ತೋರಿಸಿದ್ದಾನೆ. ಯಾವುದು ಯಾರದು ಅನ್ನುವುದಕ್ಕೆ ಜೊತೆಗೊಂದು ವಿವರದ ಪುಸ್ತಕ. ನಡುನಡುವೆ ಉಳುವವರು, ಕೊಯ್ಯುವವರು, ಬೇಟೆಯವರು ಸಣ್ಣ ಸಣ್ಣ ಚಿತ್ರಗಳಾಗಿ ಓಡಾಡುತ್ತಾರೆ.

ನಕ್ಷೆ ಮಾಡಿಸಿದವನು ಸರ್ ವಿಲಿಯಂ ಕೋರ್ಟೀನ್, ಲಂಡನ್ನಿನ ದೊಡ್ಡ ವ್ಯಾಪಾರಿ. ಈ ಹೆಸರು ಉತ್ತರ ಕನ್ನಡದವರಿಗೆ ಪರಿಚಯವಿರಬೇಕು. 1635ರಲ್ಲೇ ಈಸ್ಟ್ ಇಂಡಿಯಾ ಕಂಪನಿಗೆ ಪೈಪೋಟಿಯಾಗಿ ಹಿಂದೂಸ್ತಾನದ ವ್ಯಾಪಾರಕ್ಕೆ ದೊರೆ ಒಂದನೇ ಚಾರ್ಲ್ಸ್‌ನಿಂದ ಪರವಾನಗಿ ಪಡೆದದ್ದು ಇವನ ಕೂಟ. ಮರುವರ್ಷ ಕೋರ್ಟೀನ್ ತೀರಿಕೊಂಡ. ಆದರೆ ಅವನ ಕೂಟದವರು ಭಟ್ಕಳಕ್ಕೆ ಬಂದರು, 1638ರಲ್ಲಿ ಕಾರವಾರದಲ್ಲಿ ಕೋಠಿ ತೆರೆದರು. ಬಂದದ್ದು ಸೋದೆ ಸೀಮೆಯ ಕಾಳುಮೆಣಸಿಗಾಗಿ. ಒಂದು ಕಡೆ ನಾಟಿಂಗ್‌ಹ್ಯಾಮ್‌ಶೈರಿನ ಪಟ್ಟಿ ಹೊಲ, ಇನ್ನೊಂದು ಕಡೆ ಕಾರವಾರದ ಮೆಣಸು, ಎರಡರ ಮೇಲೂ ಒಂದೇ ಮನೆತನದ ಕಣ್ಣು. ಇದನ್ನು ಓದಿದ ದಿನ ನಾನು ತುಂಬ ಹೊತ್ತು ಎರಡು ನಕ್ಷೆಗಳನ್ನು ಪಕ್ಕಪಕ್ಕ ಇಟ್ಟುಕೊಂಡು ಕೂತಿದ್ದೆ.

ಈಗ ಕೋರ್ಟಿಗೆ ಬರೋಣ. ಹೆಸರು ಕೋರ್ಟ್ ಲೀಟ್. ನವೆಂಬರ್ ಕೊನೆಯ ಒಂದು ಗುರುವಾರ ಜ್ಯೂರಿಯ ದಿನ. ಜ್ಯೂರಿಯವರೆಂದರೆ ಕರಿ ಕೋಟಿನವರಲ್ಲ, ಅದೇ ಹೊಲಗಳನ್ನು ಉಳುವ ರೈತರು ಮತ್ತು ಊರಿನವರು. ಆ ವರ್ಷ ಗೋಧಿ ಬಿತ್ತಿದ ಹೊಲಕ್ಕೆ ಹೋಗುತ್ತಾರೆ. ಹಾಗಾಗಿ ಪ್ರತಿ ಹೊಲಕ್ಕೂ ಮೂರು ವರ್ಷಕ್ಕೊಮ್ಮೆ ತಪಾಸಣೆ ತಪ್ಪುವುದಿಲ್ಲ. ಕಾಲಿಗೆ ಗಮ್‌ಬೂಟು, ಟ್ರೇಲರ್ ತುಂಬ ಮರದ ಗೂಟ. ಪಟ್ಟಿಯ ತುದಿಗೆ ಬಂದು ನಿಲ್ಲುತ್ತಾರೆ. ಒಬ್ಬ ಸಾಲಿನ ನೇರಕ್ಕೆ ಕಣ್ಣು ಹಾಯಿಸುತ್ತಾನೆ. ಇನ್ನೊಬ್ಬ ಗೂಟ ನಿಲ್ಲಿಸಿ ಸುತ್ತಿಗೆಯಿಂದ ಹೊಡೆಯುತ್ತಾನೆ. ಗಡಿ ಇಲ್ಲಿ, ಮುಂದಿನ ಸಲ ಉಳುವಾಗ ನೋಡಿಕೊ ಅಂತ ಅರ್ಥ. ಪಕ್ಕದವನ ಸಾಲಿಗೆ ನೇಗಿಲು ಹಾಯಿಸಿದ್ದರೆ, ದಾರಿಯ ಅಂಚನ್ನು ಉತ್ತಿದ್ದರೆ, ಬರೆದುಕೊಳ್ಳುತ್ತಾರೆ. ಆಮೇಲೆ ಊರಿನ ಡವ್‌ಕೋಟ್ ಇನ್‌ನಲ್ಲಿ ಊಟ. ಒಂದು ವಾರ ಬಿಟ್ಟು ಅಲ್ಲೇ ಕೋರ್ಟು ಸೇರುತ್ತದೆ. ಸ್ಟೀವರ್ಡ್, ಅಂದರೆ ಜಮೀನ್ದಾರನ ಪ್ರತಿನಿಧಿ, ಅಧ್ಯಕ್ಷತೆ ವಹಿಸುತ್ತಾನೆ, ಜ್ಯೂರಿ ವರದಿ ಕೊಡುತ್ತದೆ, ತಪ್ಪು ಮಾಡಿದವನಿಗೆ ದಂಡ, ಮುಂದಿನ ಹೊಲಕ್ಕೆ ಹೊಸ ಜ್ಯೂರಿ. ದಂಡ ಸಣ್ಣದೇ. ಆದರೆ ದಿನಾ ಮುಖ ನೋಡುವವರ ಎದುರು ಹೆಸರು ಓದಿಸಿಕೊಳ್ಳಬೇಕಲ್ಲ, ಅದರ ತೂಕ ಬೇರೆ. ಬದು ಒತ್ತಿದ ಜಗಳ ಎರಡು ತಲೆಮಾರು ಎಳೆಯುವುದನ್ನು ನಮ್ಮ ಊರುಗಳಲ್ಲಿ ಕಂಡವರಿಗೆ ಈ ಒಂದು ವಾರದ ತೀರ್ಮಾನ ಎಷ್ಟು ದೊಡ್ಡದು ಅಂತ ಬೇರೆ ಹೇಳಬೇಕಾಗಿಲ್ಲ.

ಪರೀಕ್ಷೆಗೂ ಬೇಕಾಗುವ ಒಂದು ಮಾತು. 1977ರ ಕಾಯ್ದೆಯೊಂದು ಇಂಥ ಹಳೆ ಕೋರ್ಟುಗಳ ವಿಚಾರಣೆಯ ಅಧಿಕಾರವನ್ನು ತೆಗೆದುಹಾಕಿತು. ಎಷ್ಟೋ ಊರುಗಳಲ್ಲಿ ಅವು ಈಗ ಮೆರವಣಿಗೆಗೆ, ಔಪಚಾರಿಕ ಸಭೆಗೆ ಮಾತ್ರ ಉಳಿದಿವೆ. ಅದೇ ಕಾಯ್ದೆ ಲ್ಯಾಕ್ಸ್‌ಟನ್‌ನ ಕೋರ್ಟನ್ನು ಹೆಸರು ಹೇಳಿ ಹೊರಗಿಟ್ಟಿತು. ಅದರ ದಂಡ ಇವತ್ತಿಗೂ ಕಾನೂನಿನ ದಂಡವೇ.

ಹಾಗಾದರೆ ಬೇರೆ ಊರುಗಳಲ್ಲಿ ಏನಾಯಿತು? 1604ರಿಂದ 1914ರವರೆಗೆ ಬ್ರಿಟನ್ ಸಂಸತ್ತು 5,200ಕ್ಕೂ ಹೆಚ್ಚು ಬೇಲಿ ಕಾಯ್ದೆಗಳನ್ನು ಮಾಡಿತು. ಸುಮಾರು 68 ಲಕ್ಷ ಎಕರೆ, ಇಂಗ್ಲೆಂಡಿನ ಐದನೇ ಒಂದು ಭಾಗಕ್ಕಿಂತ ಸ್ವಲ್ಪ ಜಾಸ್ತಿ. ಚದುರಿದ ಪಟ್ಟಿ ಒಟ್ಟುಗೂಡಿತು, ಸುತ್ತ ಬೇಲಿ ಎದ್ದಿತು, ಊರ ಮೇವಿನ ಹಕ್ಕು ಹೋಯಿತು. ಒಂದು ಹಸು ಮಾತ್ರ ಇದ್ದ ಬಡವನಿಗೆ ಅದನ್ನು ಮೇಯಿಸಲು ಜಾಗ ಉಳಿಯಲಿಲ್ಲ. ಲ್ಯಾಕ್ಸ್‌ಟನ್ ಉಳಿದದ್ದಕ್ಕೆ ಮುಖ್ಯವಾಗಿ ಹೇಳುವ ಕಾರಣ, ಅಲ್ಲಿನ ಇಬ್ಬರು ದೊಡ್ಡ ಜಮೀನ್ದಾರರಾದ ಮ್ಯಾನ್ವರ್ಸ್ ಮತ್ತು ಸ್ಕಾರ್‌ಬರೋ ಅರ್ಲ್‌ಗಳ ನಡುವೆ ಒಪ್ಪಂದ ಕೂಡಿಬರಲಿಲ್ಲ ಎಂಬುದು. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಮ್ಯಾನ್ವರ್ಸ್ ಕಡೆಯವರು ಪಟ್ಟಿಗಳನ್ನು ಕೂಡಿಸಿ ಅಗಲ ಮಾಡಿದರು, ಪದ್ಧತಿ ಬಿಡಲಿಲ್ಲ. 1952ರಲ್ಲಿ ಕೃಷಿ ಸಚಿವಾಲಯ ಕೊಂಡಿತು, 1981ರಲ್ಲಿ ಅರಸೊತ್ತಿಗೆಯ ಆಸ್ತಿ ನೋಡಿಕೊಳ್ಳುವ ಕ್ರೌನ್ ಎಸ್ಟೇಟ್‌ಗೆ ಹೋಯಿತು, 2020ರಲ್ಲಿ ಮತ್ತೆ ಮ್ಯಾನ್ವರ್ಸ್ ಮನೆತನದ ಥೋರ್ಸ್‌ಬಿ ಎಸ್ಟೇಟ್‌ಗೇ ಬಂತು.

ಊರಿನ ಬೀದಿಯಲ್ಲೂ ಇದರ ಗುರುತಿದೆ. ಬೇಲಿ ಬಂದ ಊರುಗಳಲ್ಲಿ ರೈತರು ಎಷ್ಟೋ ಕಡೆ ತಮ್ಮ ಜಮೀನಿನ ನಡುವೆ ಹೊಸ ಮನೆ ಕಟ್ಟಿಕೊಂಡು ಊರು ಬಿಟ್ಟರು. ಲ್ಯಾಕ್ಸ್‌ಟನ್‌ನಲ್ಲಿ ಹೊಲ ಮೂರು ದಿಕ್ಕಿಗಿದ್ದರೆ ಮನೆ ಎಲ್ಲಿ ಕಟ್ಟುವುದು? ಇಟ್ಟಿಗೆಯ ರೈತ ಮನೆಗಳು ಇವತ್ತೂ ಊರ ಬೀದಿಯಲ್ಲೇ ಸಾಲಾಗಿವೆ. ಹಲವು ಮನೆಗಳು ಬೀದಿಗೆ ಪಕ್ಕದ ಗೋಡೆ ತೋರಿಸಿ ನಿಂತಿವೆ, ಅಂಗಳ ಕೊಟ್ಟಿಗೆ ಹಿಂದೆ. ಉತ್ತರಕ್ಕೆ ನಾರ್ಮನ್ ಕಾಲದ ಕೋಟೆಯ ಮಣ್ಣಿನ ದಿಬ್ಬ.

ಕೊನೆಗೆ ಸೈಕ್ಸ್. ಹೊಲದ ನಡುವಿನ ತಗ್ಗು, ಜೌಗು, ನೇಗಿಲು ತಿರುಗದ ಜಾಗಗಳಿಗೆ ಆ ಊರಿನ ಹೆಸರು ಇದು. ಉಳುವುದಿಲ್ಲ, ಹುಲ್ಲಿಗೆ ಬಿಡುತ್ತಾರೆ. ವರ್ಷಕ್ಕೊಮ್ಮೆ ಹುಲ್ಲನ್ನು ಹರಾಜು ಹಾಕುತ್ತಾರೆ. ಹಣ ಊರಿನ ಹಳೆ ಮನೆ ನಿವೇಶನಗಳ ಹಕ್ಕುದಾರರಿಗೆ ಹಂಚಿಕೆಯಾಗುತ್ತದೆ. ರಾಸಾಯನಿಕ ಗೊಬ್ಬರದ ಕಾಲದಲ್ಲಿ ಸುತ್ತಲಿನ ಹುಲ್ಲುಗಾವಲುಗಳಿಂದ ಮಾಯವಾದ ಕಾಡುಹೂಗಳು ಇಲ್ಲಿ ಉಳಿದಿವೆ. ಹಾಗಾಗಿ ಈ ಜಾಗಗಳಿಗೆ ಈಗ ಸರ್ಕಾರದ ರಕ್ಷಣೆಯೂ ಇದೆ. ಅದಕ್ಕೂ ಎಷ್ಟೋ ಮೊದಲಿಂದ ಅವನ್ನು ಕಾಯ್ದದ್ದು ನವೆಂಬರಿನ ಜ್ಯೂರಿ. ಹುಲ್ಲಿನ ಅಂಚಿಗೆ ಒಂದು ಸಾಲು ಒತ್ತಿ ಉತ್ತರೂ ಅವರು ಅಲ್ಲೊಂದು ಗೂಟ ಹೊಡೆದು ಹೆಸರು ಬರೆದುಕೊಳ್ಳುತ್ತಾರೆ.